ಕವಲಿನಲ್ಲಿ ನಿಂತ ಕೂಗು

ರಾಯದುರ್ಗದ ನಮ್ಮ ಬೀದಿಯಲ್ಲಿ ಕರೆಂಟು ಹೋದದ್ದು ಮೊದಲು ಕಿವಿಗೆ ತಿಳಿಯುತ್ತದೆ, ಆಮೇಲೆ ಕಣ್ಣಿಗೆ. ಮನೆಮನೆಯಲ್ಲೂ ಜೀನ್ಸ್ ಪ್ಯಾಂಟು ಹೊಲಿಯುವ ಮಿಷನ್ನುಗಳು ಒಮ್ಮೆಗೇ ಬಾಯಿ ಮುಚ್ಚಿಕೊಳ್ಳುತ್ತವೆ. ಅಷ್ಟು ಹೊತ್ತು ಆ ಗದ್ದಲದ ಅಡಿಯಲ್ಲಿ ಸಿಕ್ಕಿಕೊಂಡಿದ್ದ ಕಾಗೆ, ಪಾತ್ರೆ, ಮಗುವಿನ ಅಳು ಎಲ್ಲ ಒಂದೊಂದಾಗಿ ಮೇಲೆದ್ದು ಬರುತ್ತವೆ. ಬೇಸಿಗೆಯ ಮಧ್ಯಾಹ್ನವಾದರೆ ಬೀದಿಗೆ ಬೀದಿಯೇ ಅರ್ಧ ಕಣ್ಣು ಮುಚ್ಚಿ ತೂಕಡಿಸುತ್ತದೆ.

ಆ ಹೊತ್ತಿನಲ್ಲಿ ನನ್ನ ಅಂಗಡಿ ತೆರೆಯುತ್ತದೆ. ನನ್ನದು ಬೇರೆಯವರ ಗಂಟಲಿನ ವ್ಯಾಪಾರ. ಕಲ್ಯಾಣದುರ್ಗದ ಬಸ್ಸಿನ ಕಂಡಕ್ಟರು, ಎದುರುಮನೆಯ ಕೆಟ್ಟ ಮಿಕ್ಸಿ, ಕಾಲೇಜಿನಲ್ಲಿ ಪ್ರಾಣಿಶಾಸ್ತ್ರ ಪಾಠ ಮಾಡುವ ಸಾರು, ಫೋನಿನಲ್ಲಿ ತನ್ನ ತವರಿನವರ ಜೊತೆ ಒಂದು ಧ್ವನಿಯಲ್ಲೂ ಮಾವನ ಜೊತೆ ಇನ್ನೊಂದು ಧ್ವನಿಯಲ್ಲೂ ಮಾತಾಡುವ ಅತ್ತೆ, ಎಲ್ಲರೂ ನನ್ನ ಬಾಯಲ್ಲಿ ಬಂದುಹೋಗುತ್ತಾರೆ. ಪ್ರಶ್ನೆಪತ್ರಿಕೆ ಕೈಗೆ ಬಂದಾಗ ನಾನು ಬಿಡುವ ನಿಟ್ಟುಸಿರನ್ನೂ ನಾನೇ ಆಡಿ ತೋರಿಸುತ್ತೇನೆ. ಅದಕ್ಕೆ ಅಮ್ಮ ನಗುವುದಿಲ್ಲ.

ಜನ ತುಂಬಾ ಇಷ್ಟಪಡುವುದು ಮಾವನ ನಿದ್ದೆಯನ್ನು. ಮಾವ ಎಂದರೆ ಅಮ್ಮನ ಅಣ್ಣ. ನಮ್ಮದೂ ಅವನದೂ ಪಕ್ಕಪಕ್ಕದ ಮನೆ, ಒಂದೇ ಹೊಲಿಗೆ ಅಂಗಡಿ. ಕರೆಂಟು ಹೋದ ಕೂಡಲೇ ಅವನು ಕಟಿಂಗ್ ಟೇಬಲ್ಲಿನ ಮೇಲೆ ಬಟ್ಟೆಯ ಥಾನಿಗೆ ತಲೆಯಿಟ್ಟು ಮಲಗಿಬಿಡುತ್ತಾನೆ. ಕರೆಂಟು ಬಂದು ಮಿಷನ್ನುಗಳು ಗುರ್ರೆಂದಾಗ ಬೆಚ್ಚಿ, ಕಣ್ಣು ತೆರೆಯದೆಯೇ ‘ಓಯ್’ ಎಂದು ಕೂಗುತ್ತಾನೆ. ಆ ಕೂಗು ತಗ್ಗಿನಲ್ಲಿ ಶುರುವಾಗಿ ನಡುವೆ ಒಡೆದು ಮೇಲಕ್ಕೆ ಹಾರುತ್ತದೆ, ಮೀಸೆ ಬರುವ ವಯಸ್ಸಿನ ಹುಡುಗರ ಗಂಟಲಿನ ಹಾಗೆ. ಎಚ್ಚರವಾದ ಮೇಲೆ ಕೇಳಿದರೆ, “ನಾನ್ಯಾಕ ಕೂಗಲೇ, ನಿಂದೇ ಯಾವ್ದೋ ನಾಟಕ ಇರ್ಬೇಕು” ಎನ್ನುತ್ತಾನೆ.

ಒಂದು ಬೇಸಿಗೆ ಅಜ್ಜಿ ಬಂದಿದ್ದಳು. ಅಮ್ಮನ ತಾಯಿ. ಮಡಕಶಿರಾದಿಂದ ಆಚೆ, ರೊಳ್ಳದ ಹತ್ತಿರ ಒಂದು ಹಳ್ಳಿಯಲ್ಲಿ ನನ್ನ ದೊಡ್ಡಮ್ಮನ ಜೊತೆ ಇರುತ್ತಾಳೆ. ದೊಡ್ಡಮ್ಮ ಮೂವರಲ್ಲಿ ಹಿರಿಯಳು, ಅಲ್ಲಿ ಹಿಪ್ಪುನೇರಳೆ ಬೆಳೆದು ರೇಷ್ಮೆಹುಳು ಸಾಕುತ್ತಾಳೆ. ಕರೆಂಟು ಹೋಗಿತ್ತು. ಅವ್ವ ಬಂದಿದ್ದರಿಂದ ಮಾವ ಮಲಗದೆ ಎದುರಿಗೇ ಕೂತಿದ್ದ, ಅವನ ನಿದ್ದೆಯೊಂದನ್ನು ಬಿಟ್ಟು ನಾನು ಒಂದಾದ ಮೇಲೊಂದು ಗಂಟಲು ಬದಲಿಸುತ್ತಿದ್ದೆ. ಅಜ್ಜಿ ಹೊಟ್ಟೆ ಹಿಡಿದುಕೊಂಡು ನಕ್ಕಳು. ನಕ್ಕು ಮುಗಿಸಿ ಕಣ್ಣೊರೆಸಿಕೊಂಡು ಕೇಳಿದಳು:

“ಲೋ ಮಗ, ಎಲ್ಲಾರ್ನೂ ಆಡ್ತೀಯ. ನಿಮ್ ತಾತ್ನಂಗೆ ಒಂದ್ಸಲ ಕೂಗು, ನೋಡಾನ.”

“ತಾತನ್ನ ನಾನು ನೋಡೇ ಇಲ್ಲಲ್ಲಜ್ಜಿ.”

“ಮಿಕ್ಸಿ ಒಟ್ಟೇಲಿ ಉಟ್ಟಿದ್ಯೇನ್ಲಾ ನೀನು? ಅದ್ನ ಆಡಲ್ವಾ?”

ತಾತ ತೀರಿಕೊಂಡಾಗ ಅಮ್ಮ ಇನ್ನೂ ತೊಟ್ಟಿಲಲ್ಲಿದ್ದಳು. ಮಾವ ಚಡ್ಡಿ ಹಾಕುವ ಹುಡುಗ. ದೊಡ್ಡಮ್ಮನಿಗೆ ಲಂಗದ ವಯಸ್ಸು. ಒಂದು ಫೋಟೋ ಉಂಟು, ಅದರಲ್ಲಿ ತಾತ ಉಸಿರು ಬಿಗಿಹಿಡಿದು ನಿಂತಿದ್ದಾನೆ. ಧ್ವನಿಯನ್ನು ಹಿಡಿದಿಡುವ ಯಾವ ಯಂತ್ರವೂ ಆ ಹಳ್ಳಿಯ ದಾರಿ ಹಿಡಿದಿರಲಿಲ್ಲ.

“ಮೊಕ ಕಣ್ಮುಂದೆ ಐತೆ. ಧ್ವನಿ ಮಾತ್ರ ಓಗ್ಬುಡ್ತು ಕಣಪ್ಪ. ಒಲದ ಬದಿನ ಮ್ಯಾಲೆ ನಿಂತು ನೀರಿಗೆ ಕೂಗೋರು. ನಾನಾಗ್ಲಿ ಮಕ್ಳಾಗ್ಲಿ, ಯಾರ ಕಿವಿಗೆ ಬಿತ್ತೋ ಅವ್ರು ‘ಬಂದೇ’ ಅಂತ ಚೊಂಬು ಎತ್ಕಂಡು ಓಡ್ಬೇಕು. ಈಗ ಎಷ್ಟ್ ಕಣ್ ಮುಚ್ಕಂಡು ಕುಂತ್ರೂ ಬರಲ್ಲ.”

“ಈಗ್ಯಾಕವ್ವ ಅದು?” ಎಂದ ಮಾವ.

“ನಾಳೆ ನಾನೂ ಅತ್ಲಾಗೆ ಓಗ್ತೀನಿ. ಅಲ್ಲಿ ಅವ್ರು ಕೂಗ್ತಾರೆ. ಇನ್ನೆಷ್ಟ್ ಜನ ಗಂಡಸ್ರು ಕೂಗ್ತಿರ್ತಾರೋ ಏನೋ. ಯಾವ್ದು ನಂದು ಅಂತ ಗುರ್ತು ಸಿಗ್ಬೇಕಲ್ಲಪ್ಪ?”

“ಅಲ್ಲಿ ಮೈಕಿನಾಗ ಹೆಸರು ಕರೀತಾರ ಬಿಡವ್ವ.”

“ಅವ್ರು ನನ್ನ ಎಸ್ರಿಡಿದು ಕರೆದಿದ್ದು ಯಾವತ್ತು? ನಾನು ಅವ್ರ ಎಸ್ರು ಏಳಿದ್ದು ಯಾವತ್ತು?”

ಮಾವನ ನಗು ಅಲ್ಲಿಗೇ ನಿಂತಿತು. ಗಂಡನ ಹೆಸರನ್ನು ಹೆಂಡತಿ ಬಾಯಿಬಿಟ್ಟು ಹೇಳುವಂತಿಲ್ಲ, ಹೆಂಡತಿಯ ಹೆಸರನ್ನು ಗಂಡ ನಾಲ್ಕು ಜನರ ಮುಂದೆ ಕರೆಯುವಂತಿಲ್ಲ. ಆ ಇಬ್ಬರ ನಡುವೆ ಇದ್ದದ್ದು ಒಂದು ಕೂಗು ಮಾತ್ರ. ಅದು ಈಗ ಕಳೆದುಹೋಗಿತ್ತು. ನಾನು ಎಲ್ಲರ ಮುಂದೆ ಎದೆ ತಟ್ಟಿಕೊಂಡು, “ಮಾಡ್ತೀನಜ್ಜಿ, ಊರಿಗೇ ಬಂದು ಕೂಗ್ತೀನಿ” ಎಂದೆ. ಹೇಗೆ ಎನ್ನುವುದು ಗೊತ್ತಿರಲಿಲ್ಲ. ಗೊತ್ತಿಲ್ಲದ ಕೆಲಸಕ್ಕೆ ಮೊದಲು ಮಾತು ಕೊಡುವುದು ನನ್ನ ಹುಟ್ಟುಗುಣ.

ಅಜ್ಜಿ ಊರಿಗೆ ವಾಪಸಾದಳು. ಮಳೆಗಾಲ ಶುರುವಾಗಿ ಕಾಲೇಜು ತೆರೆಯಿತು. ಪ್ರಾಣಿಶಾಸ್ತ್ರದ ಸಾರು ಒಂದು ದಿನ ಬೋರ್ಡಿನ ಮೇಲೆ ತಲೆಕೆಳಗಾದ ಪೊರಕೆಯಂಥದ್ದನ್ನು ಬರೆದರು. ಒಂದು ಗೆರೆ, ಅದು ಎರಡಾಗುವುದು, ಅವೆರಡೂ ಮತ್ತೆ ಎರಡೆರಡಾಗುವುದು. ಅದು ಜೀವಿಗಳ ವಿಕಾಸವೃಕ್ಷ. ಹೊರಗೆ ತುಂತುರು ಹನಿ, ಒಳಗೆ ಅವರ ಅರ್ಧ ತೆಲುಗು ಅರ್ಧ ಇಂಗ್ಲಿಷಿನ ಜೋಗುಳ. ನನಗೆ ಆ ಗೆರೆಗಳು ನಿಜವಾಗಿಯೂ ಬೆಳೆಯುತ್ತಿರುವ ಹಾಗೆ ಕಾಣತೊಡಗಿದವು.

ತುದಿಯ ಎಲೆಗಳು ಈಗ ಬದುಕಿರುವವು, ಎಂದರು ಸಾರು. ಕವಲೊಡೆಯುವ ಜಾಗದಲ್ಲಿ ಇದ್ದವರು ಈಗ ಇಲ್ಲ. ನೋಡಲು ಒಂದೇ ತರ ಇವೆ ಎಂದು ನೆಂಟರೆಂದುಕೊಳ್ಳಬೇಡಿ. ಎರಡು ಎಲೆಗಳಿಂದ ಹಿಂದಕ್ಕೆ ನಡೆದು ಬನ್ನಿ, ಎಷ್ಟು ಬೇಗ ಒಂದೇ ಕವಲಿನಲ್ಲಿ ಸಿಗುತ್ತವೋ ಅಷ್ಟು ಹತ್ತಿರದ ನೆಂಟರು. ಮೊಸಳೆ ನೋಡಲು ಹಲ್ಲಿಯ ಅಣ್ಣ. ಲೆಕ್ಕಕ್ಕೆ ಕೋಳಿಗೆ ಹತ್ತಿರ. ಅಣಬೆ ಗಿಡದ ಜಾತಿಯಂತೆ ನೆಲದಲ್ಲಿ ನಿಂತಿದೆ. ಆದರೆ ಹಿಪ್ಪುನೇರಳೆ ಗಿಡಕ್ಕಿಂತ ನಮಗೇ ಅದು ಹತ್ತಿರದ ಬಳಗ.

ನಾನು ಎದ್ದು ನಿಂತು ಅವರದೇ ಧ್ವನಿಯಲ್ಲಿ, “ಸಾರ್, ಮಂಗ ಯಾವ ಕೊಂಬೆ?” ಎಂದು ತೆಲುಗಿನಲ್ಲಿ ಕೇಳಿದೆ. ತರಗತಿ ಬಿದ್ದು ಬಿದ್ದು ನಕ್ಕಿತು. ಸಾರು ಸೀಮೆಸುಣ್ಣ ಕೆಳಗಿಡದೆಯೇ, “ನೀ ಪಕ್ಕ ಕೊಮ್ಮೇ ರಾ” ಎಂದರು. ನಿನ್ನ ಪಕ್ಕದ ಕೊಂಬೆಯೇ ಕಣೋ. ಆಮೇಲೆ ನಕ್ಕು, ಮಂಗ ನಮ್ಮ ತಾತನಲ್ಲ, ದಾಯಾದಿ. ತಾತ ಕವಲಿನಲ್ಲಿದ್ದಾನೆ, ಅವನನ್ನು ಯಾರೂ ನೋಡಿಲ್ಲ, ಎಂದರು. ನೋಡಿಲ್ಲವಾದರೂ ಹೇಗಿದ್ದಿರಬಹುದು ಎಂದು ಹೇಳಬಹುದು: ಬೇರೆಬೇರೆ ಕೊಂಬೆಗಳಲ್ಲಿ ಬದುಕಿರುವ ಮೊಮ್ಮಕ್ಕಳಲ್ಲಿ ಯಾವುದು ಸಮಾನವಾಗಿದೆಯೋ ಅದು ತಾತನಲ್ಲೂ ಇದ್ದಿರಬೇಕು.

ನಾನು ಕೂತುಬಿಟ್ಟೆ. ಅಜ್ಜಿಯ ಸೀಮೆಯ ಹೇಮಾವತಿ ಎಂಬ ಊರಿನ ಹಳೆಯ ಗುಡಿಯಲ್ಲಿ ಚಿಕ್ಕವನಾಗಿದ್ದಾಗ ನೋಡಿದ ಕರಿಕಲ್ಲಿನ ಮೂರ್ತಿಗಳು ಕಣ್ಣ ಮುಂದೆ ಬಂದವು. ಒಂದರ ಮೂಗು ಒಡೆದಿದ್ದರೆ ಅದೇ ಸಾಲಿನ ಉಳಿದವುಗಳ ಮೂಗು ನೋಡಿ, ಇದರದ್ದೂ ಹೀಗೇ ಇತ್ತು ಎಂದುಕೊಳ್ಳುತ್ತಿದ್ದೆವು. ಆ ಮಳೆಯ ಸದ್ದಿನಲ್ಲಿ ನನಗೆ ಅಜ್ಜಿಯ ಕೆಲಸದ ದಾರಿ ಕಂಡಿತು.

ಸಂಜೆ ಕಟಿಂಗ್ ಟೇಬಲ್ಲಿನ ಮೇಲೆ ಹಾಸಿದ್ದ ನೀಲಿ ಬಟ್ಟೆಯ ಅಂಚಿನಲ್ಲಿ ಮಾರ್ಕಿಂಗ್ ಚಾಕಿನಿಂದ ಮರ ಬರೆದೆ. ಬುಡದ ಕವಲಿನಲ್ಲಿ ತಾತ. ಅಲ್ಲಿಂದ ಮೂರು ಕೊಂಬೆ: ದೊಡ್ಡಮ್ಮ, ಮಾವ, ಅಮ್ಮ.

“ಏನಲೇ ಅದು, ಹಲ್ಲಿ ಗೀಚಿದಂಗೆ?” ಎಂದ ಮಾವ. ವಿವರಿಸಿದೆ. ಅವನು ಕನ್ನಡಕ ಏರಿಸಿ ನೋಡಿದ. “ನಾನು ನಡುವ್ಯಾಕ ಇದೀನಿ? ಗಂಡುಮಗ. ಮ್ಯಾಲೆ ಇರ್ಬೇಕು.”

“ಮೇಲೆ ಕೆಳಗೆ ಅಂತ ಇಲ್ಲ ಮಾವ. ಕವಲನ್ನ ಹಿಡ್ಕೊಂಡು ತಿರುಗ್ಸಿದ್ರೆ ನೀನು ಕೊನೇಗ್ ಬರ್ತಿ, ಅಮ್ಮ ನಡುವೆ ಬರ್ತಾಳೆ. ಹ್ಯಾಂಗರಿನಲ್ಲಿ ಪ್ಯಾಂಟು ತಿರುಗಿದಂಗೆ. ನೆಂಟಸ್ತಿಕೆ ಅಷ್ಟೇ ಇರ್ತೈತಿ.”

“ಅಂದ್ರ ಮಂಗ್ಯಾನೂ ಮನುಷ್ಯನೂ?”

“ಅವ್ರೂ ಅಷ್ಟೆ. ಯಾರೂ ಮೇಲಿಲ್ಲ. ಎಲ್ಲಾರೂ ಇವತ್ತಿನ ಎಲೆ.”

“ಎಲೆನೋ, ಕೊಂಬೇನೋ. ಬಟ್ಟೆ ಕಟ್ ಮಾಡ್ಬೇಕು, ಕೈ ತಗಿ” ಎಂದು ಮಾವ ಕಟಿಂಗ್ ಮಿಷನ್ ಹಿಡಿದು ನಮ್ಮ ವಂಶದ ಅಂಚನ್ನು ಉದ್ದಕ್ಕೂ ಕತ್ತರಿಸಿ ಪಕ್ಕಕ್ಕೆ ಎಸೆದ. ನಾನು ಆ ಪಟ್ಟಿಯನ್ನು ಎತ್ತಿಕೊಂಡೆ.

ಅಂದಿನಿಂದ ನನ್ನ ಕಿವಿ ಬೇಹುಗಾರನಾಯಿತು. ಮೊದಲು ಮಾತಿನ ಧಾಟಿ ಹಿಡಿದೆ, ಕೂಡಲೇ ಬಿಟ್ಟೆ. ಮಾವ ಹುಡುಗನಾಗಿದ್ದಾಗಲೇ ಹೊಲಿಗೆ ಕಲಿಯಲು ರಾಯದುರ್ಗಕ್ಕೆ ಬಂದು, ಇಲ್ಲೇ ಬೆಳೆದು ‘ಹೌದ್ರಿ, ಬರ್ರಿ’ ಕಲಿತವನು. ದೊಡ್ಡಮ್ಮ ಆ ಕಡೆಯ ‘ಕಣಪ್ಪ, ಬತ್ತೀನಿ’. ಮಾತು ನೋಡಿ ನೆಂಟಸ್ತಿಕೆ ಕಟ್ಟಿದರೆ ಮಾವ ಸ್ವಂತ ಅಕ್ಕನಿಗಿಂತ ಎದುರಿನ ಚಹಾದಂಗಡಿಯವನಿಗೆ ಹತ್ತಿರವಾಗುತ್ತಾನೆ. ಅದು ನೀರಲ್ಲಿ ಈಜಿ ಈಜಿ ಮೀನಿನ ಆಕಾರ ಬಂದ ಡಾಲ್ಫಿನ್ನಿನ ಕಥೆ. ಸಾರು ಎಚ್ಚರಿಸಿದ್ದರು: ಒಂದೇ ತರ ಬದುಕಿದರೆ ಬೇರೆ ಬೇರೆ ಕೊಂಬೆಯವೂ ಒಂದೇ ತರ ಕಾಣುತ್ತವೆ.

ಆಮೇಲೆ ಒಂದು ಚಿನ್ನದಂಥ ಗುರುತು ಸಿಕ್ಕಿತು. ಮಾವ ಮಾತು ಶುರು ಮಾಡುವ ಮುಂಚೆ ಮೂಗಿನಲ್ಲಿ ‘ಮ್ಹ್ಞಂ’ ಎನ್ನುತ್ತಾನೆ. ಅಮ್ಮನೂ ಅಷ್ಟೆ, “ಮ್ಹ್ಞಂ, ಉಣ್ಣಾಕ ಬಾ” ಎನ್ನುತ್ತಾಳೆ. ಅಪ್ಪನ ಧ್ವನಿ ನೆನಪೇ ಇಲ್ಲದ ಅಮ್ಮನಿಗೂ ಬಂದಿದೆ ಎಂದರೆ ಅದು ಗಂಟಲಿನ ಜೊತೆಗೇ ರಕ್ತದಲ್ಲಿ ಇಳಿದು ಬಂದದ್ದಿರಬೇಕು. ಎರಡು ಕೊಂಬೆ, ಒಂದೇ ಗುಣ. ಹಾಗಾದರೆ ಕವಲಿನಲ್ಲಿರುವ ತಾತನೂ ‘ಮ್ಹ್ಞಂ’ ಎನ್ನುತ್ತಿದ್ದ. ನನಗೆ ಡಾಕ್ಟರೇಟು ಬಂದಷ್ಟು ಖುಷಿ. ಆ ಮಳೆಗಾಲವೆಲ್ಲ ‘ಮ್ಹ್ಞಂ’ ಅಭ್ಯಾಸ ಮಾಡಿದೆ. ಬಚ್ಚಲಲ್ಲಿ, ಬಸ್ಸಿನಲ್ಲಿ, ಪರೀಕ್ಷೆಯ ಕೋಣೆಯಲ್ಲಿ.

ಕಡಲೆಕಾಯಿ ಕೀಳುವ ಹೊತ್ತಿಗೆ ಊರಿಗೆ ಹೊರಟೆ. ಕಲ್ಯಾಣದುರ್ಗದಲ್ಲಿ ಬಸ್ಸು ಬದಲಿಸಿ, ಪಾವಗಡದ ನೆಲವನ್ನು ಹಾದು, ಮಡಕಶಿರಾ. ದಾರಿಯಲ್ಲಿ ತೆಲುಗು ರಾಜ್ಯ ಕನ್ನಡ ರಾಜ್ಯವಾಗಿ, ಮತ್ತೆ ನಮ್ಮ ತೆಲುಗು ರಾಜ್ಯವೇ ಆಗುತ್ತದೆ. ಅಂಗಡಿಯ ಬೋರ್ಡುಗಳಲ್ಲಿ ಅದೇ ಗುಂಡಗಿನ ಅಕ್ಷರಗಳು ಒಮ್ಮೆ ತೆಲುಗಿನ, ಒಮ್ಮೆ ಕನ್ನಡದ ತಲೆಕಟ್ಟು ಕಟ್ಟಿಕೊಂಡು ನಿಲ್ಲುತ್ತವೆ. ಆಚೆಯ ಹೊಲಕ್ಕೂ ಈಚೆಯ ಹೊಲಕ್ಕೂ ಅದೇ ಮಣ್ಣು, ಅದೇ ಬಂಡೆ. ಕಿಟಕಿಗೆ ತಲೆಯಾನಿಸಿದವನಿಗೆ ಕಣ್ಣು ಮುಚ್ಚಿದರೆ ಕೊಂಬೆಗಳು ಹಿಂದಕ್ಕೆ ಮಡಚಿಕೊಳ್ಳುತ್ತಿದ್ದವು: ನಾನು ಅಮ್ಮನೊಳಕ್ಕೆ, ಅಮ್ಮ ತಾತನೊಳಕ್ಕೆ, ತಾತ ಇನ್ಯಾರದೋ ತಾತನೊಳಕ್ಕೆ. ಹಾಗೇ ಹಿಂದೆ ಹಿಂದೆ ಹೋಗಿ, ಬಸ್ಸಿನಲ್ಲಿ ಯಾರದೋ ಬುಟ್ಟಿಯಲ್ಲಿ ಕೂತು ಒಂದೇ ಕಣ್ಣಲ್ಲಿ ನನ್ನನ್ನು ನೋಡುತ್ತಿದ್ದ ಹುಂಜನೂ ನಾನೂ ಯಾವುದೋ ಕವಲಿನಲ್ಲಿ ಒಂದೇ ಆಗುತ್ತಿದ್ದೆವು. ಹುಂಜ ಇದನ್ನು ಒಪ್ಪಿದಂತೆ ಕಾಣಲಿಲ್ಲ.

ಅಜ್ಜಿ ಜಗಲಿಯ ಮೇಲೆ ಕಡಲೆಕಾಯಿ ಸುಲಿಯುತ್ತಿದ್ದಳು. ಕೈಕಾಲು ತೊಳೆದ ಕೂಡಲೇ ನಾನು ಅಂಗಳದ ಆಚೆ ಹೋಗಿ ನಿಂತೆ. ಅವಳು ಕೈಯಲ್ಲಿದ್ದ ಕಾಯಿ ಕೆಳಗಿಟ್ಟಳು. ಸೆರಗು ಸರಿಮಾಡಿಕೊಂಡಳು. ಗಂಡ ಬರುವ ಹೊತ್ತಾದ ಹಾಗೆ ಕೂತಳು. ಅದನ್ನು ನೋಡಿ ಮೊದಲ ಸಲ ನನಗೆ ಭಯವಾಯಿತು.

“ಮ್ಹ್ಞಂ, ಓಯ್” ಎಂದೆ, ಹೊಲದಲ್ಲಿ ಎಲ್ಲರೂ ಕರೆಯುವ ಹಾಗೆ, ಫೋಟೋದಲ್ಲಿನ ತಾತನಂತೆ ಎದೆಯುಬ್ಬಿಸಿ.

ಅಜ್ಜಿ ನನ್ನ ಮೂಗನ್ನೇ ನೋಡಿದಳು.

“ಮೂಗಲ್ಲಿ ಅದೇನ್ಲಾ ಅದು, ಎಮ್ಮೆ ಕರು ಆಕೋ ಸದ್ದು?”

“ಅದು ತಾತಂದಜ್ಜಿ. ಮಾವನಿಗೂ ಐತಿ, ಅಮ್ಮನಿಗೂ ಐತಿ.”

“ಅಯ್ಯೋ ಮಂಕೆ! ಅವ್ರಿಬ್ರೂ ದಾರ ಬಾಯಲ್ಲಿ ಕಚ್ಕಂಡು ಒಲಿತಾರೆ. ತುಟಿ ಬಿಡಂಗಿಲ್ಲ, ಅದ್ಕೆ ಮೂಗಲ್ಲಿ ಮಾತ್ ಶುರು ಮಾಡ್ತಾರೆ. ನಿಮ್ ಬೀದೀಲಿ ಎಲ್ರೂ ಅಂಗೇ ಅಂತಾರೆ, ನಿಂಗ್ ಕೇಳಿಲ್ವಾ? ನಿಮ್ ತಾತ ದಾರ ಕಚ್ದೋರಲ್ಲಪ್ಪ, ಗುದ್ಲಿ ಇಡಿದೋರು.”

ಕಣ್ಣು ಮುಚ್ಚಿ ನಮ್ಮ ಬೀದಿಯನ್ನು ಕೇಳಿಸಿಕೊಂಡೆ. ಎದುರುಮನೆಯ ಟೈಲರು ಮ್ಹ್ಞಂ. ಮೂಲೆಮನೆಯ ಕಾಜಾ ಹೊಲಿಯುವಾಕೆ ಮ್ಹ್ಞಂ. ನಮ್ಮ ರಕ್ತಕ್ಕೂ ಅವರ ರಕ್ತಕ್ಕೂ ಸಂಬಂಧವೇ ಇಲ್ಲ. ಡಾಲ್ಫಿನ್ನನ್ನು ಮೀನೆಂದುಕೊಂಡವರನ್ನು ನೋಡಿ ನಕ್ಕ ನಾನೇ, ನೀಲಿ ಬಟ್ಟೆಯ ಕಡಲಿನಲ್ಲಿ ಅದನ್ನು ಮೀನೆಂದು ಬುಟ್ಟಿಗೆ ಹಾಕಿಕೊಂಡಿದ್ದೆ. ಪಕ್ಕದ ಅಂಗಡಿಗೆ ಒಂದು ಗಳಿಗೆ ಕಿವಿ ಕೊಟ್ಟಿದ್ದರೆ ಸಾಕಿತ್ತು.

ಅಜ್ಜಿ ಮತ್ತೆ ಕಾಯಿ ಕೈಗೆತ್ತಿಕೊಂಡಳು. “ಓಗ್ಲಿ ಬಿಡು ಮಗ. ಬರಲ್ಲ ಅದು” ಎಂದಳು. ಬೈದಿದ್ದರೆ ಚೆನ್ನಾಗಿತ್ತು. ಸಿಪ್ಪೆ ಒಡೆಯುವ ಟಪ್ ಟಪ್ ಸದ್ದು ಮಾತ್ರ ಉಳಿಯಿತು. ನಾನು ಜಗಲಿಯ ಇನ್ನೊಂದು ತುದಿಯಲ್ಲಿ, ಯಾರ ಗಂಟಲನ್ನೂ ಹಾಕಿಕೊಳ್ಳದೆ ಕೂತೆ. ಹುಳುಮನೆಯಿಂದ ಒಂದು ಮಳೆಯ ಸದ್ದು ಬರುತ್ತಿತ್ತು. ರೇಷ್ಮೆಹುಳುಗಳು ಸೊಪ್ಪು ತಿನ್ನುವ ಸದ್ದು. ಹೊರಗೆ ಒಂದು ಹನಿಯೂ ಇಲ್ಲದ ಬಿಸಿಲಿನಲ್ಲಿ ಆ ಮಳೆ ಒಳಗೇ ಸುರಿಯುತ್ತಿತ್ತು. ಕಣ್ಣು ಎಳೆಯತೊಡಗಿತು.

ಆಗ ಹಿಪ್ಪುನೇರಳೆ ತೋಟಕ್ಕೆ ಮೇಕೆ ನುಗ್ಗಿತೆಂದು ಕಾಣುತ್ತದೆ. ಹುಳುಮನೆಯ ಹಿಂದಿನಿಂದ ದೊಡ್ಡಮ್ಮ ಕೂಗಿದಳು, ತೋಟದ ಆ ತುದಿಯಲ್ಲಿದ್ದ ದೊಡ್ಡಪ್ಪನಿಗೆ.

“ಓಯ್!”

ತಗ್ಗಿನಲ್ಲಿ ಶುರುವಾಗಿ, ನಡುವೆ ಒಡೆದು, ಮೇಲಕ್ಕೆ ಹಾರಿತು.

ನಾನು ಎದ್ದು ಕೂತೆ. ಆ ಒಡಕು ನನಗೆ ಗೊತ್ತಿತ್ತು. ಕಟಿಂಗ್ ಟೇಬಲ್ಲಿನ ಮೇಲೆ, ದಾರವನ್ನು ಬಾಯಿಂದ ಬಿಟ್ಟು ಮಲಗಿದ ಮಾವನ ನಿದ್ದೆಯೊಳಗಿನಿಂದ ಅದು ಬರುತ್ತಿತ್ತು. ವರ್ಷಗಟ್ಟಲೆ ನಾನು ಅದನ್ನು ಆಡಿ ಜನರನ್ನು ನಗಿಸಿದ್ದೆ. ದೊಡ್ಡಮ್ಮ ಮಿಷನ್ ತುಳಿದವಳಲ್ಲ. ಮಾವ ಹುಳು ಸಾಕಿದವನಲ್ಲ. ಇಬ್ಬರ ಊರು ಬೇರೆ, ಮಾತಿನ ಧಾಟಿ ಬೇರೆ, ಕಸುಬು ಬೇರೆ. ಆದರೂ ಇದೊಂದು ಒಡಕು ಎರಡು ಕೊಂಬೆಯಲ್ಲೂ ಇದೆ. ಅಂದರೆ ಕವಲಿನಲ್ಲೂ ಇತ್ತು. ಅಜ್ಜಿ ಅದನ್ನು ದಿನವೂ ಕೇಳುತ್ತಾಳೆ, ಆದರೆ ಅವಳ ಕಿವಿಗೆ ಅದು ಮೇಕೆ ಓಡಿಸುವ ಮಗಳು ಮಾತ್ರ. ರಕ್ತದಲ್ಲಿ ಬಂತೋ, ಬದುವಿನ ಮೇಲಿನ ಅಪ್ಪನನ್ನು ಕೇಳಿ ಕೇಳಿ ಕಲಿತರೋ, ಅದನ್ನು ಸಾರು ನೋಡಿಕೊಳ್ಳಲಿ.

ಈ ಸಲ ನಾನು ಎದೆಯುಬ್ಬಿಸಲಿಲ್ಲ. ಅಂಗಳಕ್ಕೂ ಹೋಗಲಿಲ್ಲ. ಮಾವನಿಂದ ನಿದ್ದೆಯನ್ನೂ ದೊಡ್ಡಮ್ಮನಿಂದ ಮೇಕೆಯ ಮೇಲಿನ ಸಿಟ್ಟನ್ನೂ ಕಳೆದು, ಉಳಿದಷ್ಟನ್ನು ಮೆಲ್ಲಗೆ, ಜಗಲಿಯ ತುದಿಯಿಂದಲೇ ಕೂಗಿದೆ.

“ಓಯ್.”

ಅಜ್ಜಿಯ ಬೆರಳು ಕಾಯಿಯ ಮೇಲೆ ನಿಂತಿತು. ಕತ್ತು ಒಂದು ಕಡೆಗೆ ವಾಲಿತು, ದೂರದ ಬಸ್ಸಿನ ಸದ್ದನ್ನು ಗುರುತಿಸುವವರ ಹಾಗೆ.

“ಇನ್ನೊಂದ್ಸಲ.”

ಕೂಗಿದೆ.

“ಇಂಗಲ್ಲ” ಎಂದಳು. ಆದರೆ ಈ ಸಲದ ‘ಅಲ್ಲ’ ಬೇರೆ ತರದ್ದು. ತಪ್ಪು ಹೊಲಿಗೆ ಎದುರಿಗಿದ್ದಾಗ ಮಾವನ ಕೈ ತಾನಾಗಿ ಕತ್ತರಿಯ ಕಡೆಗೆ ಹೋಗುವ ಹಾಗಿತ್ತು. “ಕೊನೇಗೆ ಇಷ್ಟ್ ಬೇಗ ಬಿಡ್ತಿರ್ಲಿಲ್ಲ. ಒಡೆದ ಮ್ಯಾಲೆ ಒಸಿ ಎಳೆಯೋರು. ನೀರಡಿಕೆ ಆಗಿರ್ತಿತ್ತಲ್ಲ. ಇಂಗೆ…”

ಅಜ್ಜಿ ಬಾಯಿ ತೆರೆದಳು, ಮುಚ್ಚಿದಳು. ನಾಚಿಕೊಂಡು ಸುತ್ತ ನೋಡಿದಳು. ಗಂಡನ ಹೆಸರನ್ನೇ ಬಾಯಿಗೆ ತರದವಳು ಗಂಡನ ಕೂಗನ್ನು ತರುವುದು ಹೇಗೆ? ನಮ್ಮ ಮರದಲ್ಲಿ ಅವಳು ಅವನ ರಕ್ತದ ಕೊಂಬೆಯೂ ಅಲ್ಲ. ಬೇರೆ ಊರಿನಿಂದ, ಬೇರೆ ಮನೆಯಿಂದ ಬಂದವಳು. ನೀಲಿ ಪಟ್ಟಿಯ ಮೇಲೆ ನಾನು ಅವಳನ್ನು ಬರೆದೇ ಇರಲಿಲ್ಲ.

“ಕೂಗಜ್ಜಿ. ನಾನು ಯಾರಿಗೂ ಆಡಿ ತೋರ್ಸಲ್ಲ” ಎಂದೆ.

ಅವಳು ಹೊಲದ ಕಡೆಗೆ ತಿರುಗಿದಳು. ಕೈಯನ್ನು ಬಾಯಿಗೆ ಅಡ್ಡ ಹಿಡಿದಳು. ಆ ಸಣ್ಣ ಎದೆಯಿಂದ ಒಂದು ಗಂಡಸಿನ ಕೂಗು ಹೊರಟಿತು. ನೆಲದಲ್ಲಿ ಹುಟ್ಟಿ, ನಡುವೆ ಒಡೆದು, ಒಡೆದ ಮೇಲೂ ನಿಲ್ಲದೆ, ಬಿಸಿಲನ್ನು ದಾಟಿಕೊಂಡು ಉದ್ದಕ್ಕೆ ಹೋಯಿತು.

“ಓ…ಯ್…”

“ಬಂದೇ ಅಪ್ಪಾ!”

ಅಷ್ಟರಲ್ಲಿ ಸೊಪ್ಪು ಹಾಕಲು ಹುಳುಮನೆಯ ಒಳಗೆ ಹೋಗಿದ್ದ ದೊಡ್ಡಮ್ಮನ ಧ್ವನಿ. ಅದು ಐವತ್ತು ದಾಟಿದವಳ ಧ್ವನಿಯಾಗಿರಲಿಲ್ಲ. ಲಂಗ ಎತ್ತಿ ಹಿಡಿದು ಓಡುವವಳದಾಗಿತ್ತು. ಆಮೇಲೆ ಒಳಗೆ ಏನೋ ತಟ್ಟೆ ಬಿದ್ದ ಸದ್ದು. ದೊಡ್ಡಮ್ಮ ಸೊಪ್ಪಿನ ಕೈಯಲ್ಲೇ ಬಾಗಿಲಿಗೆ ಬಂದು ನಿಂತಳು. ನನ್ನನ್ನು ನೋಡಿದಳು, ಖಾಲಿ ಅಂಗಳವನ್ನು ನೋಡಿದಳು.

“ಯಾರು ಕೂಗಿದ್ದು?”

ಅಜ್ಜಿ ಇನ್ನೂ ಹೊಲದ ಕಡೆಗೇ ಮುಖ ಮಾಡಿ ಕೂತಿದ್ದಳು. ಸೆರಗಿನಿಂದ ಕಣ್ಣೊತ್ತಿಕೊಂಡು, ಹಿಂದಿರುಗಿ ನೋಡದೆಯೇ ಹೇಳಿದಳು:

“ಒಂದ್ ಚೊಂಬು ನೀರು ತಕಂಬಾ.”

ದೊಡ್ಡಮ್ಮ ಯಾರಿಗೆ ಎಂದು ಕೇಳಲಿಲ್ಲ. ತಂದುಕೊಟ್ಟಳು. ಅಜ್ಜಿ ಚೊಂಬನ್ನು ಎತ್ತಿ, ತುಟಿಗೆ ತಾಗಿಸದೆ, ಹೊಲದಿಂದ ಬಂದ ಗಂಡಸರು ಕುಡಿಯುವ ಹಾಗೆ ಗಟಗಟನೆ ಪೂರ್ತಿ ಕುಡಿದಳು.